ಮುಂಬಯಿ ಕಡಲಂಚಿನ ಮೂಕಿ ತುಣುಕು: ವೇಗ ಸರಿಪಡಿಸಿ, ಕಾಲ ಗುರುತಿಸಿ

ಮಾಟುಂಗದಲ್ಲೋ ಡೊಂಬಿವಲಿಯಲ್ಲೋ ಕನ್ನಡ ಸಂಘದ ಕಾರ್ಯಕ್ರಮಕ್ಕೆ ಹಳೆಯ ಮುಂಬಯಿಯ ಮೂಕಿ ತುಣುಕು ಹಾಕುವ ಮೊದಲು ಅದರ ವೇಗ ನೋಡಿ. ಚೌಪಾಟಿಯಲ್ಲಿ ಗಾಳಿಸೇವನೆಗೆ ಬಂದವರೆಲ್ಲ ದಡಬಡ ಓಡುತ್ತಿದ್ದರೆ ಸಭೆ ನಗುತ್ತದೆ, ಊರು ಯಾರ ಕಣ್ಣಿಗೂ ಬೀಳುವುದಿಲ್ಲ. ಆಗಿನ ಕ್ಯಾಮೆರಾ ಓಡುತ್ತಿದ್ದುದು ಕೈಹಿಡಿ ತಿರುಗಿಸಿ: ಒಂದು ಸುತ್ತಿಗೆ 8 ಫ್ರೇಮು (ಬಿಡಿ ಚಿತ್ರ), ಸೆಕೆಂಡಿಗೆ 2 ಸುತ್ತು, ಒಟ್ಟು ಸೆಕೆಂಡಿಗೆ ಸುಮಾರು 16 ಫ್ರೇಮು. ಅದನ್ನೇ ಸೆಕೆಂಡಿಗೆ 24ರಲ್ಲಿ ಓಡಿಸಿದರೆ ಒಂದೂವರೆ ಪಟ್ಟು ಚುರುಕು.

ಎಡಿಟಿಂಗ್ ಸಾಫ್ಟ್‌ವೇರಿನಲ್ಲಿ 24ರ ಫೈಲಿಗೆ ವೇಗ 66.7%, 25ರದಾದರೆ 64% ಕೊಡಿ. ಅದಕ್ಕೂ ಮುಂಚೆ ಒಂದೊಂದೇ ಫ್ರೇಮು ಸರಿಸಿ ನೋಡಿ. 24ರ ಫೈಲಿನಲ್ಲಿ ಪ್ರತಿ ಮೂರನೆಯ ಫ್ರೇಮು ಹಿಂದಿನದೇ ಆಗಿದ್ದರೆ ಯಾರೋ ಆಗಲೇ ಸರಿಪಡಿಸಿದ್ದಾರೆ. ಮತ್ತೆ ಇಳಿಸಿದರೆ ಜನ ಸೊಂಟಮಟ್ಟ ನೀರಿನಲ್ಲಿ ನಡೆದಂತೆ ಕಾಣುತ್ತಾರೆ. ತಿರುಗಿಸುವ ಕೈ ಒಂದೇ ಸಮ ಇರುವುದಿಲ್ಲ, ಹಾಗಾಗಿ ಶಾಟ್ ಶಾಟಿಗೂ ಬೇರೆ ಲೆಕ್ಕ ಬೇಕಾದೀತು. ನಂಬಬೇಕಾದ್ದು ಹೆಜ್ಜೆಯನ್ನು: ಆರಾಮಾಗಿ ನಡೆಯುವವರು ಸೆಕೆಂಡಿಗೆ ಹೆಚ್ಚುಕಡಿಮೆ ಎರಡು ಹೆಜ್ಜೆ ಹಾಕುತ್ತಾರೆ.

ಅಕ್ಕಪಕ್ಕದ ಫ್ರೇಮುಗಳನ್ನು ಬೆರೆಸುವ ‘ಫ್ರೇಮ್ ಬ್ಲೆಂಡಿಂಗ್’ ಆಫ್ ಇರಲಿ. ಸೆಕೆಂಡಿಗೆ 60 ಫ್ರೇಮಿಗೆ ಏರಿಸಿ ನಯಗೊಳಿಸುವ ಎಐ ಅಂತೂ ಬೇಡವೇ ಬೇಡ. ಎರಡು ಫ್ರೇಮುಗಳ ನಡುವೆ ಅಲೆಯ ನೊರೆ ಎಲ್ಲಿ ಒಡೆಯಿತೆಂದು ಅದಕ್ಕೆ ಗೊತ್ತಿಲ್ಲ, ಊಹಿಸಿ ಬಳಿಯುತ್ತದೆ; ವಿಕ್ಟೋರಿಯಾ ಕುದುರೆ ಗಾಡಿಯ ಚಕ್ರದ ಕಡ್ಡಿಗಳು ಕರಗಿಹೋಗುತ್ತವೆ.

ಇನ್ನು ಕಾಲ. ಅಪೋಲೊ ಬಂದರಿನಲ್ಲಿ ತಾಜ್ ಹೋಟೆಲು ತೆರೆದದ್ದು 1903ರಲ್ಲಿ, ಗೇಟ್‌ವೇ ಆಫ್ ಇಂಡಿಯಾ ಪೂರ್ತಿಯಾದದ್ದು 1924ರಲ್ಲಿ. ತಾಜ್ ಇದ್ದು, ಗೇಟ್‌ವೇ ಇರಬೇಕಾದ ಜಾಗ ಬಯಲಾಗಿದ್ದರೆ ತುಣುಕು ಆ ನಡುವಿನದು. ಟ್ರಾಮಿನ ಮೇಲೆ ತಂತಿ ಕಂಡರೆ 1907ಕ್ಕಿಂತ ಹಿಂದಿನದಲ್ಲ, ಸಾರ್ವಜನಿಕ ಬಸ್ಸು ಕಂಡರೆ 1926ಕ್ಕಿಂತ ಹಿಂದಿನದಲ್ಲ. ಗಾಡಿಗಳು ರಸ್ತೆಯ ಬಲಕ್ಕೆ ಹೋಗುತ್ತಿವೆಯೇ, ಅಂಗಡಿ ಬೋರ್ಡು ತಿರುಗುಮುರುಗೇ? ಫಿಲ್ಮು ಮಗುಚಿ ಸ್ಕ್ಯಾನ್ ಆಗಿದೆ, ಎಡಬಲ ಅದಲುಬದಲು ಮಾಡಿ.

ಮನೆಯ ಟ್ರಂಕಿನಲ್ಲಿ ಅಸಲಿ ರೀಲೇ ಸಿಕ್ಕರೆ ಫಿಲ್ಮಿನ ಅಗಲ ಅಳೆಯಿರಿ. 16 ಮಿ.ಮೀ. ಆದರೆ ಭಯವಿಲ್ಲ. 35 ಮಿ.ಮೀ. ಆಗಿದ್ದು, ಅಂಚಿನಲ್ಲಿ ಇಂಗ್ಲಿಷಿನ ‘ಸೇಫ್ಟಿ’ ಇಲ್ಲದಿದ್ದರೆ ಬೇಗ ಹೊತ್ತಿಕೊಳ್ಳುವ ಹಳೆಯ ನೈಟ್ರೇಟ್ ಫಿಲ್ಮು ಎಂದೇ ತಿಳಿಯಿರಿ. ಉರಿಯಲು ಬೇಕಾದ ಆಮ್ಲಜನಕ ಅದರೊಳಗೇ ಇರುವುದರಿಂದ ಹೊತ್ತಿಕೊಂಡರೆ ನೀರಿಗೂ ಆರದು. ಪ್ರೊಜೆಕ್ಟರಿಗೆ ಹಾಕಬೇಡಿ, ಕೊರಿಯರಿನಲ್ಲೂ ಕಳಿಸಬೇಡಿ. ತಂಪು ಜಾಗದಲ್ಲಿಟ್ಟು, ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವನ್ನು ವಿಚಾರಿಸಿ.