ಸೀಲಿಂಗ್‌ಗೆ ಲೈಟ್ ಹೊಡೆದು ಇಡೀ ಮನೆ ಶೂಟ್ ಮಾಡಿದ್ದು: ನನ್ನ ಅನುಭವ

ಶಾರ್ಟ್ ಫಿಲ್ಮ್‌ನ ಮನೆ ಸೀನ್ ಎಲ್ಲಾ ಫ್ರೆಂಚ್ ಕ್ಯಾಮೆರಾಮನ್ ರವೂಲ್ ಕುತಾರ್ ಥರ ಬರೀ ಸೀಲಿಂಗ್ ಬೌನ್ಸಲ್ಲೇ, ಅಂದ್ರೆ ಸೀಲಿಂಗ್‌ಗೆ ಹೊಡೆದು ವಾಪಸ್ ಬೀಳೋ ಬೆಳಕಲ್ಲೇ, ಮಾಡ್ತೀನಿ ಅಂದಾಗ ನಮ್ ಗ್ಯಾಫರ್ರೇ (ಲೈಟಿಂಗ್ ನೋಡ್ಕೊಳ್ಳೋರು) ಮೊದ್ಲು "ಫ್ಲ್ಯಾಟ್ ಬರುತ್ತೆ ಸಾರ್, ಮುಖಕ್ಕೆ ಜೀವ ಇರಲ್ಲ" ಅಂದ್ರು. ಈಗ ಗ್ರೇಡಿಂಗ್ (ಶೂಟ್ ಆದ್ಮೇಲೆ ಟೋನ್ ಸರಿ ಮಾಡೋದು) ಮುಗ್ದಿದೆ, ಮುಂದಿನ ಪ್ರಾಜೆಕ್ಟ್‌ಗೂ ಹಿಂಗೇ ಮಾಡೋಣ ಅಂತ ಅವ್ರೇ ಕೇಳ್ತಿದಾರೆ.

ಕುತಾರ್ ಸ್ಟುಡಿಯೋದಲ್ಲಿ ಪಳಗಿದವರಲ್ಲ, ಇಂಡೋಚೀನಾ ಯುದ್ಧದಲ್ಲಿ ಫೋಟೋ ತೆಗೀತಿದ್ದೋರು, ಇರೋ ಬೆಳಕಲ್ಲೇ ಕೆಲಸ ತೆಗೆಯೋ ಅಭ್ಯಾಸ ಅಲ್ಲಿಂದ ಬಂದಿದ್ದು. 1959ರಲ್ಲಿ ಡೈರೆಕ್ಟರ್ ಗೊದಾರ್ ಜೊತೆ 'ಬ್ರೆತ್‌ಲೆಸ್' ಶೂಟ್ ಮಾಡುವಾಗ ಸ್ಟಿಲ್ ಕ್ಯಾಮೆರಾದ ಇಲ್ಫೋರ್ಡ್ ಎಚ್‌ಪಿಎಸ್ ಫಿಲ್ಮ್ ರೋಲ್, ಒಂದೊಂದು 17-18 ಮೀಟರ್ ಅಷ್ಟೇ, ಅದನ್ನ ಅಂಟಿಸಿ ಅಂಟಿಸಿ ಕ್ಯಾಮೆಫ್ಲೆಕ್ಸ್‌ಗೆ (ಸಿನಿಮಾ ಕ್ಯಾಮೆರಾ) ಹಾಕಿ ಲ್ಯಾಬಲ್ಲಿ ಪುಶ್ ಮಾಡ್ಸಿದ್ರು, ಅಂದ್ರೆ ಕಮ್ಮಿ ಬೆಳಕಲ್ಲಿ ತೆಗ್ದಿದ್ದನ್ನ ಜಾಸ್ತಿ ಡೆವಲಪ್ ಮಾಡ್ಸಿದ್ರು. ಆಮೇಲಿನ ಸಿನಿಮಾಗಳಲ್ಲಿ ಮನೆ ಒಳಗೆ ಫೋಟೋಫ್ಲಡ್ (ಫೋಟೋಗೆ ಅಂತಾನೇ ಇರೋ ಜೋರು ಬೆಳಕಿನ) ಬಲ್ಬ್ ಸಾಲಾಗಿ ಕಟ್ಟಿ ಸೀಲಿಂಗ್‌ಗೆ ತಿರುಗಿಸಿಬಿಟ್ರು, ನಟ ಎಲ್ಲಿಗೆ ಹೋದ್ರೂ ಕ್ಯಾಮೆರಾ ಹಿಂದೇ ಹೋಗ್ಬಹುದು. ನಂಗೆ ಬೇಕಿದ್ದಿದ್ದೂ ಅದೇ. (ಬೌನ್ಸ್ ಅಂದ್ರೆ ಸತ್ಯಜಿತ್ ರೇ ಕ್ಯಾಮೆರಾಮನ್, ನಮ್ಮ ಸುಬ್ರತ ಮಿತ್ರ 1956ರ 'ಅಪರಾಜಿತೊ'ದಲ್ಲೇ ಬಟ್ಟೆ ಕಟ್ಟಿ ಮಾಡಿದ್ರು, ಅದನ್ನ ಮರೀಬಾರ್ದು.)

ಮೊದ್ಲು 500 ವ್ಯಾಟ್ ಹ್ಯಾಲೊಜೆನ್ ಐದಾರು ತಂದ್ವಿ. ಎಂಸಿಬಿ ಪದೇ ಪದೇ ಟ್ರಿಪ್, ರೂಮಲ್ಲಿ ನಿಲ್ಲಕ್ಕಾಗಲ್ಲ, ಸೀಲಿಂಗ್ ಪೇಂಟ್ ಕಂದಿ ಓನರ್‌ಗೆ ನಾಲ್ಕೈದು ಸಾವಿರ ಕೊಡ್ಬೇಕಾಯ್ತು. ಆಮೇಲೆ ಅಗ್ಗದ ಎಲ್‌ಇಡಿ. 24 ಫ್ರೇಮ್‌ಗೆ ಶಟರ್ 172.8 ಡಿಗ್ರಿ (ಅಂದ್ರೆ 1/50 ಸೆಕೆಂಡ್, ನಮ್ಮ 50 ಹರ್ಟ್ಸ್ ಕರೆಂಟಿಗೆ ಹೊಂದೋದು) ಇಟ್ರೆ ಫ್ಲಿಕರ್ ಹೋಯ್ತು, ಡಿಮ್ಮರ್ ಹಾಕಿದ್ ತಕ್ಷಣ ಮತ್ತೆ ಪಟ್ಟೆ. ಕೊನೆಗೆ ಒಳ್ಳೆ ಸಿಆರ್‌ಐ (ಬಣ್ಣ ಸರಿಯಾಗಿ ತೋರಿಸೋ ಗುಣ) ಇರೋ ಟ್ಯೂಬ್‌ಗಳನ್ನ ಗೋಡೆ ತುದಿಗೆ ಕಟ್ಟಿ, ಹಿಂದೆ ಅಡುಗೆಮನೆ ಫಾಯಿಲ್, ಗೋಡೆಗೆ ನೇರ ಬೆಳಕು ಬೀಳ್ದಂಗೆ ಕೆಳಗೆ ಕಪ್ಪು ಬಟ್ಟೆ. ಬಾಡಿಗೆ ಲೈಟ್‌ಗೆ ದಿನಕ್ಕೆ 20-22 ಸಾವಿರ ಹೇಳಿದ್ರು, ನಂಗೆ ಎಲ್ಲಾ ಸೇರಿ ಒಂಬತ್ತು ಸಾವಿರದ ಆಸುಪಾಸು, ಅದೂ ಒಂದೇ ಸಲ, ಟ್ಯೂಬ್ ಇನ್ನೂ ನನ್ ಹತ್ರಾನೇ ಇವೆ.

ಗ್ಯಾಫರ್ ಹೇಳಿದ್ ಫ್ಲ್ಯಾಟ್ ಸಮಸ್ಯೆ ನಿಜಾನೇ, ಕಣ್ಣಿನ ಗುಳಿನೂ ಕಪ್ಪಾಗುತ್ತೆ. ಅದಕ್ಕೆ ಕಿಟಕಿ ಕಡೆ ಅರ್ಧ ಸೀಲಿಂಗ್ ಮಾತ್ರ ಬೆಳಗಿಸಿ ಉಳಿದರ್ಧಕ್ಕೆ ಕಪ್ಪು ಬಟ್ಟೆ ಹೊಡೆದೆ, ಬೆಳಕಿಗೆ ಒಂದು ದಿಕ್ಕು ಬಂತು ನೋಡಿ, ಅಲ್ಲಿಂದ ಎಲ್ರೂ ಸುಮ್ನಾದ್ರು. ಐಎಸ್‌ಒ 1600, ಎಫ್ 2.8ರ ಹತ್ರ ಇತ್ತು ಕ್ಯಾಮೆರಾ ಸೆಟ್ಟಿಂಗ್. ಕಣ್ಣಿನ ಹೊಳಪಿಗೆ ಬೇರೆ ಒಂದು ಮಾಡಿದೀನಿ, ಅದನ್ನ ಸದ್ಯಕ್ಕೆ ಹೇಳಲ್ಲ.

ಮಧ್ಯೆ ವೀಲ್‌ಚೇರ್ ಟ್ರಾಲಿನೂ ಟ್ರೈ ಮಾಡ್ದೆ. 'ಬ್ರೆತ್‌ಲೆಸ್'ನಲ್ಲಿ ಕುತಾರ್ ಕೂತಿದ್ದ ವೀಲ್‌ಚೇರ್‌ನ ಗೊದಾರ್ರೇ ತಳ್ಳಿದ್ದು, ನಮ್ಮಲ್ಲಿ ಡೈರೆಕ್ಟ್ರು ತಳ್ಳಿದ್ರು. ಮೊಸಾಯಿಕ್ ನೆಲದ ಮೇಲೆ ಅಲುಗಾಟ ಜಾಸ್ತಿ, ಪ್ಲೈವುಡ್ ಹಾಸಿ ಟೈರ್ ಗಾಳಿ ಸ್ವಲ್ಪ ಇಳಿಸಿದ್ಮೇಲೆ ಗಿಂಬಲ್‌ಗಿಂತ (ಕ್ಯಾಮೆರಾ ಅಲುಗದಂಗೆ ಹಿಡಿಯೋ ಸಾಧನ) ಚೆನ್ನಾಗಿ ಬಂತು, ನಡಿಗೆಗೆ ಒಂದು ತೂಕ ಇತ್ತು.

ನಮ್ದು ಬ್ಲ್ಯಾಕ್ ಅಂಡ್ ವೈಟ್, ಕ್ರೀಮ್ ಸೀಲಿಂಗ್ ಇದ್ರೂ ನಡೀತು. ಕಲರಲ್ಲಿ ಮಾಡೋರು ಮೊದ್ಲು ಬಿಳಿ ಪೇಂಟ್ ಹೊಡೆಸಿ ಇಲ್ಲಾ ಬಿಳಿ ಬಟ್ಟೆ ಕಟ್ಟಿ, ನಮ್ ಕಲರ್ ಟೆಸ್ಟಲ್ಲಿ ಎಲ್ರ ಮುಖಾನೂ ಹಳದಿ ಬಂದಿತ್ತು.