ಪೋಷಕ ನಟಿಯ ವೃತ್ತಿಪಟ್ಟಿ ಮಾಡುವ ಬಗೆ: ಮಾರ್ಗರೆಟ್ ರುದರ್‌ಫರ್ಡ್ ಉದಾಹರಣೆಯಾಗಿ

ಬ್ರಿಟಿಷ್ ಪೋಷಕ ನಟಿಯೊಬ್ಬರ ಬಗ್ಗೆ ಬರೆಯಹೊರಟರೆ ಸಿನಿಮಾಪಟ್ಟಿಯಿಂದ ಶುರುಮಾಡಬೇಡಿ, ನಾಟಕದಿಂದ ಶುರುಮಾಡಿ. ರುದರ್‌ಫರ್ಡ್ ಹುಟ್ಟಿದ್ದು 1892ರಲ್ಲಿ, ಲಂಡನ್ನಿನ ಓಲ್ಡ್ ವಿಕ್‌ನಲ್ಲಿ ರಂಗವೇರಿದ್ದು 1925ರಲ್ಲಿ, ಮೊದಲ ಸಿನಿಮಾ 1936ರಲ್ಲಿ. ಸಿನಿಮಾಪಟ್ಟಿಯನ್ನಷ್ಟೇ ನಂಬಿದವರಿಗೆ ಆ ಹನ್ನೊಂದು ವರ್ಷ ಕಾಣುವುದೇ ಇಲ್ಲ. ಅದಕ್ಕೂ ಮೊದಲು ಅವರು ಪಿಯಾನೊ ಮತ್ತು ವಾಚನಕಲೆ ಹೇಳಿಕೊಡುತ್ತಿದ್ದರು.

ಹಾಳೆಯಲ್ಲಿ ಐದು ಕಾಲಂ ಹಾಕಿ: ತಾರೀಖು, ಕೃತಿ, ಪಾತ್ರ, ಮಾಧ್ಯಮ (ನಾಟಕವಾದರೆ ರಂಗಮಂದಿರದ ಹೆಸರು ಸಹಿತ), ಆಧಾರ. ಐದನೆಯದು ಖಾಲಿಯಿದ್ದರೆ ಆ ಸಾಲನ್ನು ಪೆನ್ಸಿಲ್ಲಿನಲ್ಲೇ ಇಟ್ಟುಕೊಳ್ಳಿ.

ಆಮೇಲೆ ಒಂದೇ ನಾಟಕದ ರಂಗರೂಪವನ್ನೂ ಚಿತ್ರರೂಪವನ್ನೂ ಅಕ್ಕಪಕ್ಕ ತನ್ನಿ. ಹೆಚ್ಚು ತಪ್ಪಾಗುವುದು ಇಲ್ಲೇ. 'ದಿ ಇಂಪಾರ್ಟೆನ್ಸ್ ಆಫ್ ಬೀಯಿಂಗ್ ಅರ್ನೆಸ್ಟ್' ತೆಗೆದುಕೊಳ್ಳಿ. 1939ರಲ್ಲಿ ಲಂಡನ್ನಿನ ಗ್ಲೋಬ್ ರಂಗಮಂದಿರದಲ್ಲಿ ಅವರು ಮಿಸ್ ಪ್ರಿಸಮ್. 1947ರಲ್ಲಿ ನ್ಯೂಯಾರ್ಕ್‌ಗೆ ಹೋದಾಗ ಲೇಡಿ ಬ್ರ್ಯಾಕ್ನೆಲ್. 1952ರ ಚಿತ್ರದಲ್ಲಿ ಮತ್ತೆ ಪ್ರಿಸಮ್; ಬ್ರ್ಯಾಕ್ನೆಲ್ ಆಗ ಈಡಿತ್ ಇವಾನ್ಸ್ ಪಾಲು. ಮೂರನ್ನೂ ಒಂದೇ ಸಾಲಿಗೆ ಸೇರಿಸಿದರೆ ಪಾತ್ರಗಳು ಅದಲುಬದಲಾಗುತ್ತವೆ. 'ಬ್ಲೈದ್ ಸ್ಪಿರಿಟ್' ಸುಲಭ: 1941ರ ನಾಟಕದಲ್ಲೂ 1945ರ ಚಿತ್ರದಲ್ಲೂ ಅವರೇ ಮದಾಮ್ ಅರ್ಕಾಟಿ. ಆದರೆ ಲಂಡನ್ನಿನ ಆ ಮೊದಲ ಪ್ರಯೋಗ 1,997 ಪ್ರದರ್ಶನ ಕಂಡಿತೆಂದು ಅಷ್ಟನ್ನೂ ಅವರ ಖಾತೆಗೆ ಬರೆಯಬೇಡಿ. ಅಷ್ಟು ದೀರ್ಘ ಓಟದಲ್ಲಿ ನಟವರ್ಗ ಬದಲಾಗುತ್ತದೆ. 'ದಿ ಹ್ಯಾಪಿಯೆಸ್ಟ್ ಡೇಸ್ ಆಫ್ ಯುವರ್ ಲೈಫ್' ನಾಟಕವಾಗಿ 1948, ಚಿತ್ರವಾಗಿ 1950. ಎರಡರಲ್ಲೂ ಅವರೇ ಮುಖ್ಯೋಪಾಧ್ಯಾಯಿನಿ.

ಅಗಾಥಾ ಕ್ರಿಸ್ಟಿಯ ಪತ್ತೇದಾರಿಣಿ ಮಿಸ್ ಮಾರ್ಪಲ್ ಆಗಿ ರುದರ್‌ಫರ್ಡ್ ನಟಿಸಿದ ಚಿತ್ರಗಳು ನಾಲ್ಕು, ನಾಲ್ಕಕ್ಕೂ ಜಾರ್ಜ್ ಪೊಲಾಕ್ ನಿರ್ದೇಶಕ: 'ಮರ್ಡರ್ ಷಿ ಸೆಡ್' (1961), 'ಮರ್ಡರ್ ಅಟ್ ದಿ ಗ್ಯಾಲಪ್' (1963), 'ಮರ್ಡರ್ ಮೋಸ್ಟ್ ಫೌಲ್' ಮತ್ತು 'ಮರ್ಡರ್ ಅಹೋಯ್' (ಎರಡೂ 1964). ಎಲ್ಲವೂ ಮಾರ್ಪಲ್ ಕಾದಂಬರಿಗಳೆಂದು ಬರೆದರೆ ಕ್ರಿಸ್ಟಿ ಓದಿದವರು ಬಿಡುವುದಿಲ್ಲ. ಮೊದಲನೆಯದಕ್ಕೆ ಮಾತ್ರ ಮಾರ್ಪಲ್ ಕಾದಂಬರಿ ಮೂಲ. ನಡುವಿನ ಎರಡು ಕ್ರಿಸ್ಟಿಯ ಇನ್ನೊಬ್ಬ ಪತ್ತೇದಾರ ಪೊಯ್ರೊನ ಕಥೆಗಳು, ಕೊನೆಯದು ಚಿತ್ರಕ್ಕೆಂದೇ ಬರೆದದ್ದು. ಅವುಗಳಲ್ಲಿ ಬರುವ ಮಿಸ್ಟರ್ ಸ್ಟ್ರಿಂಗರ್ ಕಾದಂಬರಿಗಳಲ್ಲಿ ಇಲ್ಲ. ಆ ಪಾತ್ರ ಮಾಡಿದವರು ರುದರ್‌ಫರ್ಡ್ ಅವರ ಪತಿ ಸ್ಟ್ರಿಂಗರ್ ಡೇವಿಸ್. 1965ರ 'ದಿ ಆಲ್ಫಬೆಟ್ ಮರ್ಡರ್ಸ್'ನಲ್ಲಿ ಇಬ್ಬರೂ ಒಂದು ಕ್ಷಣ ಹಾದುಹೋಗುತ್ತಾರೆ. ಅದನ್ನು ಐದನೇ ಮಾರ್ಪಲ್ ಚಿತ್ರವೆಂದು ಎಣಿಸದೆ, ಅತಿಥಿಪಾತ್ರವೆಂದು ಬೇರೆ ಸಾಲಿನಲ್ಲಿ ಹಾಕಿ.

ಪ್ರಶಸ್ತಿಗೆ ಎರಡು ವರ್ಷ ಬರೆಯಿರಿ, ಚಿತ್ರದ್ದೊಂದು, ಸಮಾರಂಭದ್ದೊಂದು. 'ದಿ ವಿ.ಐ.ಪಿ.ಸ್' ಬಂದದ್ದು 1963ರಲ್ಲಿ, ಅದಕ್ಕೆ ಪೋಷಕ ನಟಿ ಆಸ್ಕರ್ ಕೊಟ್ಟದ್ದು 1964ರ ಏಪ್ರಿಲ್‌ನಲ್ಲಿ. ಬಿರುದುಗಳಿಗೆ (1961ರಲ್ಲಿ ಒ.ಬಿ.ಇ., 1967ರಲ್ಲಿ ಡೇಮ್) ಬ್ರಿಟಿಷ್ ಸರ್ಕಾರದ ಅಧಿಕೃತ ಪತ್ರಿಕೆ ಲಂಡನ್ ಗೆಜೆಟ್ ಸಾಕು.

ಉಳಿದ ಆಧಾರಗಳಲ್ಲಿ ನಾಟಕಕ್ಕೆ ವಿಕ್ಟೋರಿಯಾ ಆ್ಯಂಡ್ ಆಲ್ಬರ್ಟ್ ಮ್ಯೂಸಿಯಂನ ರಂಗಭೂಮಿ ಸಂಗ್ರಹ ನೋಡಿ, ಚಿತ್ರಕ್ಕೆ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್. ರೇಡಿಯೊ, ಟಿ.ವಿ.ಗೆ ಬಿಬಿಸಿ ಜೀನೋಮ್ ಜಾಲತಾಣ. 1923ರಿಂದ 2009ರವರೆಗಿನ ರೇಡಿಯೊ ಟೈಮ್ಸ್ ಕಾರ್ಯಕ್ರಮ ಪಟ್ಟಿಗಳು ಅಲ್ಲಿವೆ. ಆದರೆ ಅದು ಮುಂಚಿತವಾಗಿ ಅಚ್ಚಾದ ಪಟ್ಟಿ. ಕೊನೆಗಳಿಗೆಯಲ್ಲಿ ಬದಲಾದದ್ದು ಅದರಲ್ಲಿ ಸಿಗುವುದಿಲ್ಲ. ಆದ್ದರಿಂದ ಮರುದಿನದ ಪತ್ರಿಕೆಯ ವಿಮರ್ಶೆ ಸಿಕ್ಕರೆ ಅದನ್ನೇ ಮುಂದಿಡಿ.

ಬಾಲ್ಯದ ಕಥೆ ಎಲ್ಲರನ್ನೂ ಸೆಳೆಯುತ್ತದೆ: ತಂದೆ ತಮ್ಮ ತಂದೆಯನ್ನೇ ಕೊಂದದ್ದು, ಮಗುವಿನೊಂದಿಗೆ ಮದ್ರಾಸಿಗೆ ಬಂದದ್ದು, ತಾಯಿ ಅಲ್ಲಿ ತೀರಿಕೊಂಡದ್ದು, ವಿಂಬಲ್ಡನ್‌ನಲ್ಲಿ ಬಂಧುವೊಬ್ಬರ ಆಸರೆ. ವೃತ್ತಿಪಟ್ಟಿಯಲ್ಲಿ ಇದಕ್ಕೆ ಎರಡು ವಾಕ್ಯ ಸಾಕು, ಅದೂ ಟಿಪ್ಪಣಿಯಲ್ಲಿ.