ಫಿನ್ಲೆಂಡಿನ ಹಾಸ್ಯಚಿತ್ರಗಳ ಕ್ಯಾಮೆರಾಮನ್: ವೃತ್ತಿಯ ಪಟ್ಟಿ ಕಟ್ಟುವ ಬಗೆ

1950ರ ದಶಕದ ಫಿನ್ಲೆಂಡಿನಲ್ಲಿ ಕ್ಯಾಮೆರಾಮನ್ ಬಹುಮಟ್ಟಿಗೆ ಸ್ಟುಡಿಯೊದ ಆಳು. ಇವತ್ತು ಹಾಸ್ಯ, ನಾಳೆ ಯುದ್ಧದ ಕಥೆ, ಕೊಟ್ಟದ್ದನ್ನು ತೆಗೆಯಬೇಕು. ಹಾಗಾಗಿ ಅವನ ವೃತ್ತಿಯನ್ನು ಬರೆಯಲು ಹೊರಟವರು ಮೊದಲು ಸ್ಟುಡಿಯೊ ಯಾವುದೆಂದು ನೋಡಬೇಕು. ದೊಡ್ಡವು ಮೂರು: 1919ರ ಸುವೊಮಿ-ಫಿಲ್ಮಿ, 1933ರ ಸುವೊಮೆನ್ ಫಿಲ್ಮಿತೆಒಲ್ಲಿಸೂಸ್ (ಚಿಕ್ಕದಾಗಿ ಎಸ್‌ಎಫ್), 1950ರ ಫೆನ್ನಾದಾ-ಫಿಲ್ಮಿ.

ಹುಡುಕಾಟವನ್ನು ಎಲೋನೆಟ್‌ನಿಂದ ಶುರುಮಾಡಿ. ಫಿನ್ಲೆಂಡಿನ ರಾಷ್ಟ್ರೀಯ ದೃಶ್ಯ-ಶ್ರವ್ಯ ಸಂಸ್ಥೆ ನಡೆಸುವ ಈ ದತ್ತಸಂಚಯದಲ್ಲಿ ಹೆಸರನ್ನು ಚುಕ್ಕೆಗಳ ಸಮೇತ ಬರೆಯಿರಿ. ತೊಯ್ರಿ ಎಂಬ ಛಾಯಾಗ್ರಾಹಕರ ಹೆಸರಿನ ‘ಒ’ ಮೇಲೆ ಎರಡು ಚುಕ್ಕೆ ಇವೆ. ಅಕಾರಾದಿಯಲ್ಲಿ ಆ ಅಕ್ಷರ ಕಟ್ಟಕಡೆಗೆ ಬರುತ್ತದೆ. ಹಳೆಯ ಪತ್ರಿಕೆಗಳಲ್ಲಿ ಇನ್ನೊಂದು ತೊಡಕು: ಫಿನ್ನಿಶ್‌ನಲ್ಲೂ ನಮ್ಮಂತೆ ಹೆಸರಿಗೇ ವಿಭಕ್ತಿ ಹತ್ತುತ್ತದೆ. ಪೆರೊನ್‌ಕೊಸ್ಕಿ ಎಂಬ ಛಾಯಾಗ್ರಾಹಕರ ಹೆಸರನ್ನೇ ನೋಡಿ: ‘ಪೆರೊನ್‌ಕೊಸ್ಕಿಯ’ ಎನ್ನಲು ‘ಪೆರೊನ್‌ಕೊಸ್ಕೆನ್’ ಎಂದು ಬರೆಯುತ್ತಾರೆ, ಕೊನೆಯ ಸ್ವರವೇ ಬದಲಾಗುತ್ತದೆ. ಅದಕ್ಕೇ ‘ಪೆರೊನ್‌ಕೊಸ್ಕ್’ವರೆಗೆ ಮಾತ್ರ ಹಾಕಿ ಹುಡುಕಿ.

ಟೈಟಲ್ ಕಾರ್ಡಿನಲ್ಲಿ ನಿಮಗೆ ಬೇಕಾದ ಪದ ‘ಕುವೌಸ್’, ಅಂದರೆ ಛಾಯಾಗ್ರಹಣ. ಎಚ್ಚರ: ‘ಕುವೌಸ್‌ಸಿಹ್ತೇರಿ’ ಎಂದರೆ ಕ್ಯಾಮೆರಾಕ್ಕೆ ಸಂಬಂಧವೇ ಇಲ್ಲ, ಅವರು ಶಾಟಿನಿಂದ ಶಾಟಿಗೆ ಹೊಂದಾಣಿಕೆ ಬರೆದಿಡುವವರು. ಪದದ ಮೊದಲರ್ಧ ನೋಡಿ ಇವರನ್ನೂ ಛಾಯಾಗ್ರಾಹಕರ ಪಟ್ಟಿಗೆ ಸೇರಿಸಿಬಿಡುವುದು ಸಾಮಾನ್ಯ ತಪ್ಪು. ಸಹಾಯಕನಾಗಿದ್ದ ವರ್ಷಗಳಿಗೆ ಬೇರೆ ಕಾಲಮ್ ಇಡಿ. ಒಂದೇ ಚಿತ್ರಕ್ಕೆ ಹಲವರಿದ್ದರೆ ಎಲ್ಲರ ಹೆಸರೂ ಬರಲಿ. 1955ರ ಯುದ್ಧಚಿತ್ರ ‘ತುಂತೆಮಾತೊನ್ ಸೊತಿಲಾಸ್’ಗೆ ಪೆಂಟ್ಟಿ ಉನ್ಹೊ ಜೊತೆ ಇತರರೂ ಕ್ಯಾಮೆರಾ ಹಿಡಿದಿದ್ದರು.

ಪಟ್ಟಿಯನ್ನು ಬಿಡುಗಡೆಯ ದಿನಾಂಕದಂತೆ ಜೋಡಿಸಬೇಡಿ. ಹೆಲ್ಸಿಂಕಿಯಲ್ಲಿ ಡಿಸೆಂಬರ್ ಹಗಲು 6 ಗಂಟೆಯೂ ಇಲ್ಲ, ಜೂನ್ ಹಗಲು ಸುಮಾರು 19 ಗಂಟೆ. ಹೊರಾಂಗಣಕ್ಕೆ ಬೇಸಿಗೆಯನ್ನೇ ಕಾಯಬೇಕಿತ್ತು. ಹಾಗಾಗಿ ಎಲೋನೆಟ್‌ನಲ್ಲಿ ಚಿತ್ರೀಕರಣದ ಅವಧಿ ಕೊಟ್ಟಿದ್ದರೆ ಅದನ್ನೇ ಆಧಾರ ಮಾಡಿಕೊಳ್ಳಿ. ಬಿಡುಗಡೆಯಂತೆ ಜೋಡಿಸಿದರೆ ಮೊದಲೇ ತೆಗೆದ ಚಿತ್ರ ಆಮೇಲಿನದಾಗಿ ಕಾಣಬಹುದು.

ಇನ್ನು ನೋಡುವ ಕೆಲಸ. ಮೊದಲು ಪ್ರತಿ ಪೂರ್ಣವೇ ಎಂದು ಅಳೆಯಿರಿ. 35 ಮಿ.ಮೀ. ಫಿಲ್ಮ್ ಸೆಕೆಂಡಿಗೆ 24 ಫ್ರೇಮಿನಂತೆ ಓಡಿದರೆ ನಿಮಿಷಕ್ಕೆ 27.4 ಮೀಟರ್, 2190 ಮೀಟರಿನ ಚಿತ್ರ 80 ನಿಮಿಷ. ನಿಮ್ಮ ಪ್ರತಿ ಸುಮಾರು 77 ನಿಮಿಷಕ್ಕೆ ಮುಗಿದರೆ ಗಾಬರಿ ಬೇಡ: ಟಿವಿಗಾಗಿ 25 ಫ್ರೇಮಿನ ವೇಗದಲ್ಲಿ ಓಡಿಸಿದ್ದಾರೆ. 70ಕ್ಕೇ ಮುಗಿದರೆ ಮಾತ್ರ ಕತ್ತರಿ ಬಿದ್ದಿರಬಹುದು.

ಅಭ್ಯಾಸಕ್ಕೆ ಎಸ್‌ಎಫ್‌ನ ಪೆಕ್ಕಾ–ಪ್ಯಾಟ್‌ಕ್ಯಾ ಹಾಸ್ಯ ಸರಣಿಗಿಂತ ಒಳ್ಳೆಯದಿಲ್ಲ: 1953ರಿಂದ 1960ರವರೆಗೆ 13 ಚಿತ್ರ, ಪೆಕ್ಕಾ ಆಗಿ ಎಸಾ ಪಕಾರಿನೆನ್, ಪ್ಯಾಟ್‌ಕ್ಯಾ ಆಗಿ ಗಿಡ್ಡ ಮಾಸಾ ನಿಯೆಮಿ. ಇಬ್ಬರೂ ಅಕ್ಕಪಕ್ಕ ನಿಂತ ಶಾಟನ್ನು ನಿಲ್ಲಿಸಿ ಮೂರು ಗುರುತು ಹಾಕಿಕೊಳ್ಳಿ. ಕ್ಯಾಮೆರಾ ಯಾರ ಕಣ್ಣಿನ ಎತ್ತರದಲ್ಲಿದೆ? ಪಾದ ಕಾಣುತ್ತಿದೆಯೇ? ಹಿಂದಿನ ಗೋಡೆಯಲ್ಲಿ ಒಬ್ಬೊಬ್ಬರಿಗೆ ಎಷ್ಟು ನೆರಳು? ಎರಡು ಗಟ್ಟಿ ನೆರಳಿದ್ದರೆ ಎರಡು ದೀಪವಾದರೂ ನೇರವಾಗಿ ಬಿದ್ದಿವೆ. ಎಲ್ಲ ಕಡೆ ಸಮನಾದ ಬೆಳಕು ಚೆಲ್ಲಿದ್ದನ್ನು ಸೋಮಾರಿತನ ಎಂದು ಬರೆಯುವುದು ಅನ್ಯಾಯ. ನಟ ಎಡವಿ ಎಲ್ಲಿ ಬಿದ್ದರೂ ಮುಖ ಕಾಣಬೇಕು, ಪಾದ ಕತ್ತರಿಸಿದರೆ ನಗುವೇ ಹೋಯಿತು. ಇದೇ ಕೈ ಬೇರೆ ಪ್ರಕಾರದಲ್ಲಿ ಏನು ಮಾಡಿತು ಎಂಬುದನ್ನೂ ಪಕ್ಕದಲ್ಲಿಟ್ಟು ನೋಡಿ. ಛಾಯಾಗ್ರಾಹಕ ಓಸ್ಮೊ ಹಾರ್ಕಿಮೊ ಎಸ್‌ಎಫ್‌ನದೇ 1956ರ ‘ಯುಹಾ’ಗೆ ಕ್ಯಾಮೆರಾ ಹಿಡಿದರು, ಅದು ಫಿನ್ಲೆಂಡಿನ ಮೊದಲ ಪೂರ್ಣ ಪ್ರಮಾಣದ ಬಣ್ಣದ ಕಥಾಚಿತ್ರ.

ಪಟ್ಟಿಯಲ್ಲಿ ಒಂದೆರಡು ವರ್ಷ ಖಾಲಿ ಕಂಡರೆ ‘ನಿವೃತ್ತಿ’ ಎಂದು ತುಂಬಬೇಡಿ. ಕಥಾಚಿತ್ರದ ಮೊದಲು ದೇಶೀ ಕಿರುಚಿತ್ರ ತೋರಿಸಿದ ಟಾಕೀಸಿಗೆ 1964ರವರೆಗೆ ತೆರಿಗೆ ರಿಯಾಯಿತಿ ಇತ್ತು. ಆದ್ದರಿಂದ ಕಿರುಚಿತ್ರದ ಕೆಲಸಕ್ಕೆ ಬರವಿರಲಿಲ್ಲ. ಅಲ್ಲಿ ಹುಡುಕಿ. 1963ರಿಂದ 1965ರವರೆಗೆ ನಟರ ಮುಷ್ಕರ, 1965ರಲ್ಲಿ ಎಸ್‌ಎಫ್ ದಿವಾಳಿ. ಆ ನಂತರದ ಹೆಸರುಗಳಿಗೆ ಜಾಹೀರಾತು ಮತ್ತು ಟಿವಿ ವಿಭಾಗಗಳನ್ನೂ ತೆರೆಯಬೇಕಾಗುತ್ತದೆ.